ರುದ್ರಮ್ಮನ ನೂರಾ ಎರಡು

ಎಲ್ಲಾ ಶುರುವಾಗಿದ್ದು ಒಂದು ವೋಟರ್ ಕಾರ್ಡಿನಿಂದ.

ಕೊಡ್ಲಿಪೇಟೆಯ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುವ ಕೀರ್ತಿಕುಮಾರ್ ಹೋದ ಚುನಾವಣೆಯಲ್ಲಿ ಮತಗಟ್ಟೆ ಡ್ಯೂಟಿಗೆ ಕೂತಿದ್ದಾಗ ರುದ್ರಮ್ಮ ಬಂದರು. ಕೋಲಿಲ್ಲ, ಕನ್ನಡಕವಿಲ್ಲ, ಕೈ ಹಿಡಿದುಕೊಳ್ಳಲು ಯಾರೂ ಇಲ್ಲ. ಮೂರು ಮೆಟ್ಟಿಲು ಸರಸರ ಹತ್ತಿ, ಕ್ಯೂನಲ್ಲಿದ್ದ ಇಬ್ಬರನ್ನು ಮೊಣಕೈಯಲ್ಲೇ ಪಕ್ಕಕ್ಕೆ ಸರಿಸಿ, ಕಾರ್ಡನ್ನು ಮೇಜಿನ ಮೇಲೆ ಬಡಿದರು. ಎಂಟ್ರಿಗೆ ಸ್ಲೋ ಮೋಷನ್ ಒಂದು ಬಾಕಿ. ಕಾರ್ಡಿನ ಪ್ರಕಾರ ಅವರ ವಯಸ್ಸು ನೂರು ದಾಟಿತ್ತು.

ಬೇರೆ ಯಾರಾದರೂ ಆಗಿದ್ದರೆ ಬೆರಳಿಗೆ ಶಾಯಿ ಹಚ್ಚಿ ಕಳಿಸಿಬಿಡುತ್ತಿದ್ದರು. ಕೀರ್ತಿಕುಮಾರ್ ಪುಸ್ತಕ ಬರೆಯುವ ಆಸಾಮಿ. ವಂಶವಾಹಿ, ಆರೋಗ್ಯ, ಮುಪ್ಪು ಅಂತ ಮೂರು ಪುಸ್ತಕ ಆಗಲೇ ರಿಲೀಸ್ ಮಾಡಿದ್ದರು. ಮೂರೂ ಮೊದಲ ವಾರವೇ ಮಕಾಡೆ ಮಲಗಿದ್ದವು. ಡಿಎನ್‌ಎ ಬಗ್ಗೆ ತಾವೇ ಬರೆದ ಹಾಳೆಯಲ್ಲಿ ಬಿಸಿ ಕಡ್ಲೆಕಾಯಿ ಕಟ್ಟಿಸಿಕೊಂಡು ಮನೆಗೆ ತಂದದ್ದೂ ಉಂಟು. ನಾಲ್ಕನೆಯದಕ್ಕೆ 'ನೂರು ದಾಟುವ ಜೀನುಗಳು' ಎಂದು ಹೆಸರಿಟ್ಟು ಹೀರೋಯಿನ್ ಹುಡುಕುತ್ತಿದ್ದಾಗಲೇ ರುದ್ರಮ್ಮ ಸಿಕ್ಕಿದ್ದು. ಒಂದು ಇಡೀ ಅಧ್ಯಾಯವನ್ನು ಅವರ ಪಾದಕ್ಕೆ ಅರ್ಪಿಸಿದರು.

ಅದೂ ಓಡಲಿಲ್ಲ. ಮೈಸೂರಿನ ಪ್ರಕಾಶಕ ಸಣ್ಣಸ್ವಾಮಿ ಫೋನ್ ಮಾಡಿ ಸುತ್ತುಬಳಸದೆ ಹೇಳಿದರು.

"ಮೇಷ್ಟ್ರೇ, ಶನಿವಾರ ನಾನೇ ಬರ್ತೀನಿ. ಆ ಅಜ್ಜೀದೊಂದು ವಿಡಿಯೊ ಮಾಡಿ ಬಿಡೋಣ. ಅದಕ್ಕೂ ಜನ ತಿರುಗಿ ನೋಡ್ಲಿಲ್ಲ ಅಂದ್ರೆ ಉಳಿದಿರೋ ಪ್ರತಿ ಎಲ್ಲಾ ರದ್ದಿಗೆ. ಐದನೇ ಪುಸ್ತಕದ ಮಾತು ನನ್ ಹತ್ರ ಎತ್ಬೇಡಿ."

ಶನಿವಾರ ಬೆಳಿಗ್ಗೆ ಕೀರ್ತಿಕುಮಾರ್ ಇಸ್ತ್ರಿ ಅಂಗಿ ಹಾಕಿಕೊಂಡು ರುದ್ರಮ್ಮನ ಮನೆಗೆ ಓಡಿದರು. ರುದ್ರಮ್ಮ ಕಣದಲ್ಲಿ ಕಾಫಿ ಹಣ್ಣು ಹರವುತ್ತಿದ್ದರು. ಮಗ ಜಯಪ್ಪ ಜಗಲಿಯ ಮೇಲೆ ಕೂತು, ಅಮ್ಮ ಕೆಲಸ ಮಾಡುವುದನ್ನು ತುಂಬಾ ಶ್ರದ್ಧೆಯಿಂದ ನೋಡುತ್ತಿದ್ದ. ವಿಡಿಯೊದಲ್ಲಿ ತೋರಿಸಲು ಹಳೇ ಫೋಟೊನೋ ಜಾತಕವೋ ಏನಾದರೂ ಇದೆಯಾ ಎಂದು ಮೇಷ್ಟ್ರು ಕೇಳಿದರು.

"ಜಾತಕ ತೆಗುದ್ರೆ ಎಡವಟ್ಟಾಯ್ತದೆ ಸಾ," ಅಂದ ಜಯಪ್ಪ. "ಅದ್ರಲ್ಲಿ ಅವ್ವಂಗೆ ಎಪ್ಪತ್ನಾಲ್ಕು."

ಕೀರ್ತಿಕುಮಾರ್ ನಕ್ಕರು. ಜಯಪ್ಪ ನಗಲಿಲ್ಲ. ಕೀರ್ತಿಕುಮಾರರ ನಗು ಕರೆಂಟು ಹೋದ ಮಿಕ್ಸಿಯಂತೆ ಸುತ್ತಿ ಸುತ್ತಿ ನಿಂತಿತು.

ಕತೆ ಇಷ್ಟೇ. ಅಪ್ಪ ತೀರಿಕೊಂಡ ವರ್ಷ ಅಮ್ಮನಿಗೆ ವೃದ್ಧಾಪ್ಯ ಪಿಂಚಣಿ ಮಾಡಿಸಲು ಹೋದಾಗ ಅವಳಿಗೆ ಬರೀ ನಲವತ್ತೆರಡು. ತಲೆ ಮಾತ್ರ ಆಗಲೇ ಪೂರ್ತಿ ಬೆಳ್ಳಗಾಗಿತ್ತು. ಅರ್ಜಿ ಬರೆಯುತ್ತಿದ್ದ ಪುಣ್ಯಾತ್ಮ, ಅರವತ್ತೈದು ಅಂದರೆ ಡೌಟು ಬರುತ್ತೆ, ಎಪ್ಪತ್ತು ಅಂದರೆ ಗೌರವ ಬರುತ್ತೆ ಎಂದು ಎಪ್ಪತ್ತೇ ಬರೆದ. ಆಮೇಲೆ ಬಂದ ಕಾರ್ಡುಗಳೆಲ್ಲ ಅದನ್ನೇ ನೋಡಿಕೊಂಡು ಬಂದವು. ಮೂವತ್ತೆರಡು ವರ್ಷ ಕಳೆದು ಈಗ ನೂರಾ ಎರಡು.

"ನಂಗ್ಯಾಕ್ರೀ ಮೊದ್ಲೇ ಹೇಳ್ಲಿಲ್ಲ?"

"ನೀವೆಲ್ ಕೇಳಿದ್ರಿ? ನಿಮ್ ಪಾಡಿಗ್ ನೀವು ಅವ್ವನ ಜೀನು, ಅವ್ವನ ಜೀನು ಅಂತ ಬರ್ಕೊಂಡ್ ಹೋದ್ರಿ. ನಾವು ತೋಟದ್ ಜೇನಿರ್‍ಬೇಕು ಅನ್ಕೊಂಡ್ ಸುಮ್ನಾದೊ."

ಹೊರಡುವುದಕ್ಕೆ ಮುಂಚೆಯೇ ಸಣ್ಣಸ್ವಾಮಿಯವರನ್ನು ತಡೆಯೋಣವೆಂದು ಮೇಷ್ಟ್ರು ಫೋನ್ ತೆಗೆದರು. ಜಯಪ್ಪ ಕೈ ಹಿಡಿದ. ವಿಷಯ ಹೊರಗೆ ಹೋದರೆ ಅಮ್ಮನ ಪಿಂಚಣಿ ನಿಲ್ಲುತ್ತದೆ, ನಿಂತರೆ ನಾಳೆಯಿಂದ ಅವಳನ್ನು ನಿಮ್ಮ ಮನೆಗೇ ಕಳಿಸಿಕೊಡುತ್ತೇನೆ ಎಂದು ವಿನಯದಿಂದ ಹೇಳಿದ. ಅಷ್ಟರಲ್ಲಿ ಮೊಬೈಲ್ ಅಂಗಡಿಯ ನವೀನ್ ಬೇಲಿ ಹಾರಿ ಬಂದ. ಪಕ್ಕದ ಮನೆಯವನು, ಅರ್ಧ ದಿನ ಅಂಗಡಿಯಲ್ಲಿ, ಉಳಿದರ್ಧ ದಿನ ಬೇರೆಯವರ ವಿಷಯದಲ್ಲಿ ಇರುತ್ತಿದ್ದ.

"ಟೆನ್ಷನ್ ಯಾಕ್ ಸಾರ್. ಅಜ್ಜಿಗೆ ಇಪ್ಪತ್ತೆಂಟು ವರ್ಷದ ಬಿಲ್ಡಪ್ ಕೊಡ್ಬೇಕು, ತಾನೆ? ನಮ್ ಹೀರೋಗಳು ಅರವತ್ತಾದ್ರೂ ಕಾಲೇಜ್ ಹುಡುಗ್ರು. ಅವ್ರು ಹಿಂದಕ್ ಹೋಯ್ತಾರೆ, ನಾವ್ ಮುಂದಕ್ ಹೋಗಣ."

ತಾನು ವಿಜ್ಞಾನ ಲೇಖಕ, ಇಂಥ ನಾಟಕಕ್ಕೆ ಒಪ್ಪುವುದಿಲ್ಲ ಎಂದು ಕೀರ್ತಿಕುಮಾರ್ ಗಟ್ಟಿಯಾಗೇ ಹೇಳಿದರು. ಆಮೇಲೆ ರದ್ದಿ ಅಂಗಡಿಯ ತಕ್ಕಡಿಯ ಮೇಲೆ ತಮ್ಮ ನಾಲ್ಕನೇ ಪುಸ್ತಕ ತೂಗುತ್ತಿರುವುದು ಕಣ್ಣ ಮುಂದೆ ಬಂತು. ಸ್ವಲ್ಪ ಮೆಲ್ಲಗೆ, "ಕೋಲು ಹಿಡ್ಕೊಂಡ್ರೆ ಸಾಕಾ?" ಅಂದರು.

ಸಾಕಾಗಲಿಲ್ಲ. ಕೋಲು ಕೊಟ್ಟರೆ ರುದ್ರಮ್ಮ ಅದರಲ್ಲಿ ಕಣಕ್ಕೆ ಬಂದ ಕೋಳಿ ಓಡಿಸಿದರು. ನಡುಗುತ್ತಾ ಮಾತಾಡಿ ಅಂದರೆ ಮೈಮೇಲೆ ದೇವರು ಬಂದವರಂತೆ ನಡುಗಿದರು. ಹಿಂದಿನ ಮನೆಯವರು ಅರಿಶಿನ ಕುಂಕುಮ ತಂದರು. ಸ್ವಾತಂತ್ರ್ಯ ಬಂದಾಗ ನಿಮಗೆ ಇಪ್ಪತ್ನಾಲ್ಕು ಅಂತ ಹೇಳಿ ಎಂದರೆ, "ಆಗ ನಮ್ಮವ್ವಂಗೆ ಮದ್ವೇನೇ ಆಗಿರ್‍ಲಿಲ್ವಲ್ಲೋ," ಅಂದರು. ಮಧ್ಯಾಹ್ನದ ಹೊತ್ತಿಗೆ ಮೇಷ್ಟ್ರ ಇಸ್ತ್ರಿ ಅಂಗಿ ಹಿಂಡಿ ಹಾಕಿದಂತಾಗಿತ್ತು. ನವೀನ್ ಮಾತ್ರ ಬಿಡಲಿಲ್ಲ. ಒಂದು ಡೈಲಾಗ್ ಬರೆದು ಹತ್ತು ಸಲ ಹೇಳಿಸಿದ.

ನಾಲ್ಕು ಗಂಟೆಗೆ ಸಣ್ಣಸ್ವಾಮಿಯವರ ಕಾರು ಬಂತು. ದಪ್ಪ ಮೀಸೆ, ಕೈಯಲ್ಲಿ ಕ್ಯಾಮೆರಾ. ಮೊದಲು ವೋಟರ್ ಕಾರ್ಡಿನ ಫೋಟೊ ಹಿಡಿದರು. ಆಮೇಲೆ ಕೀರ್ತಿಕುಮಾರರನ್ನು ಕ್ಯಾಮೆರಾ ಮುಂದೆ ನಿಲ್ಲಿಸಿ, ಈ ವಯಸ್ಸನ್ನು ನೀವೇ ಪರಿಶೀಲಿಸಿದ್ದೀರಾ ಎಂದು ಕೇಳಿದರು. ಕೀರ್ತಿಕುಮಾರ್ ಹೌದು ಅಂದರು.

"ಅಜ್ಜಿ, ಇಷ್ಟು ವರ್ಷ ಹೆಂಗ್ ಬದುಕಿದ್ರಿ?"

ರುದ್ರಮ್ಮ ಸೆರಗು ಸರಿಮಾಡಿಕೊಂಡರು. ಕತ್ತು ನಿಧಾನಕ್ಕೆ ಎತ್ತಿದರು. "ಸಾವು ನಮ್ಮನೆ ಬಾಗ್ಲಿಗೂ ಬಂದಿತ್ತು ಕಣಪ್ಪ. ಕಾಲ್ ತೊಳ್ಕೊಂಡು ಒಳಿಕ್ ಬಾ, ಕಾಫಿ ಹಣ್ ಕುಯ್ಯಕೆ ಜನ ಇಲ್ಲ ಅಂದೆ. ಓಡೋಯ್ತು."

ನವೀನ್ ಶಿಳ್ಳೆ ಹೊಡೆದ. ಸಣ್ಣಸ್ವಾಮಿ ಕಣ್ಣೊರೆಸಿಕೊಂಡರು. ಈ ವಿಡಿಯೊ ನೂರು ದಿನ ಓಡುತ್ತದೆ, ಪುಸ್ತಕ ಬಚಾವ್ ಎಂದು ಮೇಷ್ಟ್ರ ಬೆನ್ನು ತಟ್ಟಿದರು. ಕೀರ್ತಿಕುಮಾರ್ ಬೆಳಿಗ್ಗೆಯಿಂದ ಮೊದಲ ಸಲ ಉಸಿರು ಬಿಟ್ಟರು. ಆ ಉಸಿರು ಪೂರ್ತಿ ಹೊರಗೆ ಬರುವ ಮೊದಲೇ ಒಳಗಿನಿಂದ ಕಾಫಿ ಬಂತು.

ತಂದವಳು ಕುಸುಮಾ. ಶಿರಂಗಾಲದಲ್ಲಿರುವ ಗಂಡನ ಮನೆಯಿಂದ ಎರಡು ದಿನಕ್ಕೆಂದು ಬಂದಿದ್ದಳು.

"ಮೊಮ್ಮಗಳಾ ಅಜ್ಜಿ?" ಅಂದರು ಸಣ್ಣಸ್ವಾಮಿ.

"ಮೊಮ್ಮಗಳ್ಯಾಕ್ ಆಯ್ತಾಳೆ. ನನ್ ಮಗಳು. ಕೊನೇದು."

"ಎಷ್ಟಮ್ಮ ನಿಂಗೆ ವಯಸ್ಸು?"

"ಮೂವತ್ನಾಲ್ಕು ಸಾರ್."

ಸಣ್ಣಸ್ವಾಮಿ ಬೆರಳು ಮಡಿಸಿದರು. ಬೆರಳು ಸಾಲದೆ ಫೋನು ತೆಗೆದು ಕಳೆದರು. ಜಯಪ್ಪ ಆಕಾಶ ನೋಡತೊಡಗಿದ. ನವೀನನಿಗೆ ಅಂಗಡಿಯ ನೆನಪಾಯಿತು. ಕೀರ್ತಿಕುಮಾರ್ ಮಾತ್ರ ಸಿಡಿಲು ಬಡಿದ ಸಿಲ್ವರ್ ಓಕ್ ಮರದಂತೆ ನಿಂತೇ ಇದ್ದರು.

"ಮೇಷ್ಟ್ರೇ," ಸಣ್ಣಸ್ವಾಮಿ ಫೋನನ್ನು ಅವರ ಮುಂದೆ ಹಿಡಿದರು. "ಅರವತ್ತೆಂಟಕ್ಕೆ ಹೆರಿಗೆ."

"ಸಾರ್, ನಿಜ ಹೇಳ್ಬಿಡ್ತೀನಿ. ಅಜ್ಜಿಗೆ ಎಪ್ಪತ್ನಾಲ್ಕೇ ಆಗಿರೋದು."

"ಕಾರ್ಡು ಸುಳ್ಳಾ? ನೀವು ಬರ್ದಿದ್ದು ಸುಳ್ಳಾ? ಈಗ ಕ್ಯಾಮೆರಾ ಮುಂದೆ ಹೌದು ಅಂದ್ರಲ್ಲ, ಅದೂ ಸುಳ್ಳಾ? ಸುಳ್ಳೇ ಅನ್ನಿ. ಹೋಗ್ತಾ ದಾರೀಲೇ ಎಲ್ಲಾನು ರದ್ದಿಗೆ ಹಾಕ್ಬಿಟ್ ಹೋಗ್ತೀನಿ, ಪ್ರತಿ ಡಿಕ್ಕೀಲೇ ಇವೆ."

ರುದ್ರಮ್ಮ ಕೋಲೂರಿಕೊಂಡು ಮಧ್ಯೆ ಬಂದರು. ಬೆಳಿಗ್ಗೆ ಬಾರದ ನಡುಕ ಈಗ ಚೆನ್ನಾಗೇ ಬಂದಿತ್ತು.

"ಬೆಳಿಗ್ಗಿಂದ ನೂರಾ ಎರಡು ಅನ್ನು, ನೂರಾ ಎರಡು ಅನ್ನು ಅಂತ ಪ್ರಾಣ ತಿಂದೋರು ನೀವೇಯ. ಈಗ ನನ್ ವಯಸ್ ಕಿತ್ಕೋತೀರಾ ಮೇಷ್ಟ್ರೆ?"

ಸಣ್ಣಸ್ವಾಮಿ ಆಗಲೇ ಪುಸ್ತಕ ತಿರುವಿಹಾಕುತ್ತಿದ್ದರು. ಐವತ್ತು ದಾಟಿ ಮುಟ್ಟು ನಿಂತ ಮೇಲೆ ಹೆಣ್ಣಿಗೆ ಸಹಜವಾಗಿ ಗರ್ಭ ನಿಲ್ಲುವುದಿಲ್ಲ ಎಂದು ಒಂದು ಕಡೆ ಬರೆದಿತ್ತು. ಅವರಿಗೆ ನಿಜವಾಗಿಯೂ ಬೇಜಾರಾಯಿತು. ಕಣ್ಣ ಮುಂದೆ ಸಾಕ್ಷಿ ಕಾಫಿ ಹಿಡಿದು ನಿಂತಿರುವಾಗ ಇಂಥ ತಪ್ಪು ಬರೆಯಬಹುದೇ, ಓದಿದವರು ಏನಂದುಕೊಳ್ಳುತ್ತಾರೆ ಎಂದು ಬೈದರು. ಡಿಕ್ಕಿ ತೆಗೆದು ಮುನ್ನೂರು ಪ್ರತಿಗಳನ್ನು ಜಗಲಿಯ ಮೇಲೆ ಇಳಿಸಿ, ಬೆಳಿಗ್ಗೆಯೊಳಗೆ ಆ ಸಾಲು ಹೊಡೆದು ಹಾಕಬೇಕು, ಐದನೇ ಪುಸ್ತಕ ಪೂರ್ತಿ ರುದ್ರಮ್ಮನ ಹೆರಿಗೆಯ ಮೇಲೇ ಎಂದು ಹೇಳಿ ಕಾರು ಹತ್ತಿದರು.

ಕುಸುಮಾ ಪುಸ್ತಕ ಬಿಡಿಸಿ ಹಿಡಿದಳು. ನಾಲ್ಕು ಪುಸ್ತಕ ಬರೆದ ಕೀರ್ತಿಕುಮಾರ್ ಕೆಂಪು ಪೆನ್ನು ತೆಗೆದು, ರುದ್ರಮ್ಮನ ಅಧ್ಯಾಯವನ್ನು ಮುಟ್ಟದೆ ದಾಟಿ, ಸರಿಯಾಗಿದ್ದ ಸಾಲಿನ ಮೇಲೆ ಗೆರೆ ಎಳೆದರು. ಇನ್ನೂರ ತೊಂಬತ್ತೊಂಬತ್ತು ಬಾಕಿ ಇದ್ದವು.

ಪಕ್ಕದಲ್ಲೇ ಕೂತು ನೋಡುತ್ತಿದ್ದ ರುದ್ರಮ್ಮ, "ಗೆರೆ ಸೊಟ್ಟ ಹೋಯ್ತಾ ಐತೆ," ಅಂದರು. "ಈ ವಯಸ್ಸಿಗೇ ನಿಮ್ ಕೈ ಇಂಗ್ ನಡುಗ್ತದಲ್ಲ ಮೇಷ್ಟ್ರೆ."