ನನ್ನ ಹೆಸರಿಗೆ ಯಾರೋ ಹೂಂ ಅಂದದ್ದು

ಇದ್ದಲ್ಲಿ ಇಲ್ಲದ ಹಾಗೆ ಆಗುವುದು ನನಗೆ ಒಂದೆರಡು ಸಲ ಅಲ್ಲ, ಆಗ್ತಾನೇ ಇರ್ತದೆ. ನನಗೆ ಮಾತು ಕಡಿಮೆ, ಕೈಯಲ್ಲಿ ಯಾವಾಗಲೂ ಒಂದು ಪುಸ್ತಕ. ಹಾಗಾಗಿ ಇರಬಹುದು ಅಂತ ಸುಮ್ಮನೆ ಬಿಟ್ಟಿದ್ದೆ. ಮನೆಯ ಹೊರಗೆ ಯಾರಿಗೂ ಹೇಳಿರ್ಲಿಲ್ಲ, ಇದೇ ಮೊದಲು. ಸೆಕೆಂಡ್ ಪಿಯುಸಿಯಲ್ಲಿ ಒಂದು ಗುರುವಾರ ಅಮ್ಮನ ಮೊಬೈಲಿಗೆ ಕಾಲೇಜಿನಿಂದ ಮೆಸೇಜ್ ಬಂತು. ನಿಮ್ಮ ಮಗಳು ಹತ್ತೊಂಬತ್ತು ದಿನ ಕ್ಲಾಸಿಗೆ ಬಂದಿಲ್ಲ, ಇನ್ನು ಒಂದು ದಿನ ತಪ್ಪಿದರೂ ಪರೀಕ್ಷೆಗೆ ಕೂರಿಸುವುದಿಲ್ಲ ಅಂತ.

"ದಿನಾ ಬೆಳಿಗ್ಗೆ ಬುತ್ತಿ ತಗೊಂಡು ನೀನು ಹೋಗುವುದು ಎಲ್ಲಿಗೆ?" ಅಮ್ಮ ಕೇಳಿದ್ರು.

"ಕಾಲೇಜಿಗೆ."

ದೇವರಾಣೆ, ನಾನು ಒಂದು ದಿನವೂ ತಪ್ಪಿಸಿರ್ಲಿಲ್ಲ. ಜ್ವರ ಇದ್ದ ದಿನವೂ ಹೋಗಿದ್ದೆ. ಆದ್ರೆ ಆ ಮೆಸೇಜನ್ನು ನಾಲ್ಕೈದು ಸಲ ಓದಿದ ಮೇಲೆ ನನಗೇ ಡೌಟು ಶುರುವಾಯ್ತು. ಹಿಂದೆ ಆದದ್ದೆಲ್ಲ ಒಂದೊಂದಾಗಿ ನೆನಪಿಗೆ ಬಂತು.

ಖಾಲಿ ಸೀಟು

ನಮ್ಮ ಮನೆ ಪರ್ಕಳದಲ್ಲಿ. ಅಲ್ಲಿಂದ ಉಡುಪಿಗೆ ದಿನಾ ಬಸ್ಸು. ಒಂದು ದಿನ ಕಿಟಕಿ ಪಕ್ಕದ ಸೀಟು ಸಿಕ್ಕಿತು, ಕೂತು ಓದ್ತಾ ಇದ್ದೆ. ಮಣಿಪಾಲದಲ್ಲಿ ಜನ ನುಗ್ಗಿದ್ರು. ಒಬ್ಬರು ಆಂಟಿ ಎರಡು ಕೈಯಲ್ಲೂ ಚೀಲ ಹಿಡ್ಕೊಂಡು ಬಂದು ನನ್ನ ಮುಖವನ್ನೇ ನೋಡಿದ್ರು. ನಾನೂ ಅವರನ್ನು ನೋಡಿದೆ. ಅವರ ಕಣ್ಣು ನನ್ನ ಮೇಲೇ ಇತ್ತು, ಆದ್ರೆ ನನ್ನಲ್ಲಿ ನಿಲ್ಲಲಿಲ್ಲ. ನನ್ನನ್ನು ದಾಟಿ ಹಿಂದಿನ ರೆಕ್ಸಿನ್ ನೋಡಿದ ಹಾಗೆ.

ಮತ್ತೆ ಅವರು ತಿರುಗಿ ನನ್ನ ಮಡಿಲಲ್ಲೇ ಕೂತ್ರು.

"ಆಂಟೀ..." ಅಂದೆ.

"ಅಯ್ಯೋ! ನೀನು ಯಾವಾಗ ಬಂದದ್ದು ಮಾರಾಯ್ತಿ? ಸೀಟು ಖಾಲಿ ಕಂಡಿತಲ್ಲ!"

"ನಾನು ಪರ್ಕಳದಿಂದ ಇದ್ದೇನೆ."

"ಹೌದಾ? ಹಾಗಾದ್ರೆ ಸ್ವಲ್ಪ ಸರಿ," ಅಂದ್ರು. ಎದ್ದದ್ದು ಮಾತ್ರ ಉಡುಪಿ ಬಂದ ಮೇಲೆ.

ನಾಲ್ಕು ವಿಶಲ್

ಇದು ಇನ್ನೂ ವಿಚಿತ್ರ. ಒಂದು ಭಾನುವಾರ ಅಮ್ಮ ಪೆರ್ಡೂರಿನ ದೇವಸ್ಥಾನಕ್ಕೆ ಹೊರಟಿದ್ರು. ಅಜ್ಜಿ ಹಿಂದಿನ ಜಗುಲಿಯಲ್ಲಿ ಮಲಗಿದ್ರು. ನಾನು ಅಡುಗೆಮನೆಯ ಬಾಗಿಲಲ್ಲಿ ಕೂತು ಓದ್ತಾ ಇದ್ದೆ. ಪುಟ ಮಗುಚುವಾಗ ತಲೆ ಎತ್ತಿ ನೋಡಿದ್ರೆ ಅಮ್ಮ ಇಲ್ಲ. ಚಪ್ಪಲಿ ಇಲ್ಲ. ಗೇಟು ಹಾಕಿದೆ. ಕುಕ್ಕರ್ ಮಾತ್ರ ಗ್ಯಾಸಿನ ಮೇಲೆ ಉಂಟು.

ಅಷ್ಟರಲ್ಲಿ ಫೋನ್ ಬಂತು.

"ಎಷ್ಟು ವಿಶಲ್ ಆಯ್ತು?" ಅಮ್ಮ ಕೇಳಿದ್ರು.

ನಾನು ಒಂದು ವಿಶಲೂ ಕೇಳಿರ್ಲಿಲ್ಲ. ಆದ್ರೆ ನನ್ನ ಬಾಯಿ "ನಾಲ್ಕು" ಅಂತ ಹೇಳಿತು. ಹೇಳಿದ ಮೇಲೆ ನಾನೇ ಬಾಯಿ ಮುಚ್ಚಿಕೊಂಡೆ.

"ಸರಿ, ಇನ್ನು ಆಫ್ ಮಾಡು. ಹೋಗುವಾಗ ಹೇಳಿದ್ದೆನಲ್ಲ, ನಾಲ್ಕಕ್ಕೆ ಆಫ್ ಮಾಡು ಅಂತ. ನೀನು ಹೂಂ ಅಂದಿದ್ದಿ."

"ನಾನಾ?"

"ಮೂರು ಸಲ ಕರೆದೆ. ಮೂರು ಸಲವೂ ಹೂಂ ಅಂದಿದ್ದಿ."

ಆಫ್ ಮಾಡಿ, ಪ್ರೆಶರ್ ಇಳಿದ ಮೇಲೆ ಮುಚ್ಚಳ ತೆಗೆದು ನೋಡಿದೆ. ಅನ್ನ ಸರಿಯಾಗಿ ಬೆಂದಿತ್ತು, ಒಂದು ಅಗುಳೂ ಹೆಚ್ಚು ಕಡಿಮೆ ಇಲ್ಲ. ಅಂದ್ರೆ ನಾನು ಪುಸ್ತಕದೊಳಗೆ ಇರುವಾಗ ನನ್ನೊಳಗೆ ಇನ್ಯಾರೋ ಕೂತು ಹೂಂ ಅಂತಾ, ವಿಶಲ್ ಎಣಿಸ್ತಾ ಇದ್ದಾರೆ. ಹೆದರಿ ಜಗುಲಿಗೆ ಓಡಿ ಅಜ್ಜಿಗೆ ಹೇಳಿದೆ. ಅಜ್ಜಿ ಎದ್ದು ಕೂತ್ರು.

"ಈ ಸಲ ಮ್ಯಾಥ್ಸ್ ಪರೀಕ್ಷೆಗೆ ಅವಳನ್ನೇ ಕಳಿಸು," ಅಂದ್ರು. "ಅವಳ ಲೆಕ್ಕ ಸರಿ ಉಂಟು."

ಹಿಂದೆ ನಿಂತವಳು

ಕಾಪುವಿಗೆ ಮನೆಯವರೆಲ್ಲ ಹೋಗಿದ್ದಾಗ ಲೈಟ್‌ಹೌಸಿನ ಬಂಡೆ ಹತ್ತಿರ ಒಂದು ಫೋಟೊ ತೆಗೆದ್ರು. ಸಂಜೆ ಅದು ಫ್ಯಾಮಿಲಿ ಗ್ರೂಪಿಗೆ ಬಂತು. ಐದು ನಿಮಿಷದಲ್ಲಿ ದುಬೈಯಿಂದ ಮಾವ ಬರೆದ್ರು: "ಹಿಂದೆ ಬಂಡೆಯ ಮೇಲೆ ನಿಂತ ಹುಡುಗಿ ಯಾರು? ಯಾರೂ ಅವಳನ್ನು ನೋಡ್ತಾ ಇಲ್ಲ, ಅವಳೂ ಯಾರನ್ನೂ ನೋಡ್ತಾ ಇಲ್ಲ."

ಎಲ್ಲರೂ ಝೂಮ್ ಮಾಡಿದ್ರು. ಝೂಮ್ ಮಾಡಿದ ಹಾಗೆ ಮುಖ ಮಸುಕು. ಕೂದಲು ಗಾಳಿಗೆ ಹಾರಿದೆ, ತಲೆ ತಗ್ಗಿದೆ, ಎರಡೂ ಕೈ ಎದೆ ಹತ್ತಿರ ಎಂತದ್ದೋ ಹಿಡ್ಕೊಂಡಿದೆ. ಆ ಬಂಡೆಯ ಹತ್ತಿರ ಹಿಂದೆ ಯಾರೋ ನೀರಿಗೆ ಬಿದ್ದದ್ದು ಕೇಳಿದ್ದೇನೆ ಅಂತ ಒಬ್ಬರು ಬರೆದ್ರು. ಇನ್ನೊಬ್ಬರು ಕೈಮುಗಿಯುವ ಚಿತ್ರ ಹಾಕಿದ್ರು. "ಆ ಫೋಟೊ ಈಗಲೇ ಡಿಲೀಟ್ ಮಾಡಿ, ಮಕ್ಕಳು ನೋಡುವುದು ಬೇಡ," ಅಂತ ಮಾವ.

ಅದು ನಾನು. ಕೈಯಲ್ಲಿದ್ದದ್ದು ಪುಸ್ತಕ. ಆ ಗ್ರೂಪಿನಲ್ಲಿ ನಾನು ಅದುವರೆಗೆ ಒಂದಕ್ಷರ ಬರೆದವಳಲ್ಲ. ಮೂರು ಸಲ ಟೈಪ್ ಮಾಡಿ ಅಳಿಸಿ, ನಾಲ್ಕನೇ ಸಲ ಧೈರ್ಯ ಮಾಡಿ "ಅದು ನಾನು" ಅಂತ ಕಳಿಸಿದೆ.

ಮತ್ತೆ ಮಾವ ಬರೆದ್ರು: "ಈ ನಂಬರ್ ಯಾರದ್ದು? ಅವಳನ್ನು ಗ್ರೂಪಿಗೆ ಸೇರಿಸಿದ್ದು ಯಾರು?"

ಕಾಗೆಗಿಂತ ಕಡಿಮೆ

ಕಾಲೇಜಿನ ಮೆಸೇಜ್ ಬಂದ ಮೇಲಿನ ಶನಿವಾರ ಅಮ್ಮ ನನ್ನನ್ನು ಮಣಿಪಾಲಕ್ಕೆ ಕರ್ಕೊಂಡು ಹೋದ್ರು. ಚಿಕ್ಕಮ್ಮ ಅಲ್ಲಿ ಒಂದು ಲ್ಯಾಬಿನಲ್ಲಿ ಟೆಕ್ನಿಷಿಯನ್. ಜನರ ತಲೆಗೆ ವಯರ್ ಅಂಟಿಸಿ ಮೆದುಳಿನ ಗೆರೆ ತೆಗೆಯುವ ಕೆಲಸ. "ಇವಳ ಮಂಡೆಯೊಳಗೆ ಎಂತ ಉಂಟು ಅಂತ ಒಮ್ಮೆ ನೋಡು," ಅಂದ್ರು ಅಮ್ಮ. ಬಸ್ಸಿನದ್ದು, ಕುಕ್ಕರಿನದ್ದು ಎಲ್ಲ ನಾನು ಹೇಳಿದೆ. ಹೊಸ ಮೆಷಿನಿಗೆ ಟ್ರಯಲ್ ನೋಡ್ಲಿಕ್ಕೆ ಚಿಕ್ಕಮ್ಮನಿಗೂ ಒಂದು ತಲೆ ಬೇಕಿತ್ತು.

ಸಣ್ಣ ರೂಮು. ಬಾಗಿಲು ಹಾಕಿದರೆ ನನ್ನ ಉಸಿರಿನ ಶಬ್ದ ನನಗೇ ಕೇಳುವಷ್ಟು ಮೌನ. ತಲೆಗೆ ತಣ್ಣಗಿನ ಪೇಸ್ಟು, ಟೊಪ್ಪಿ, ವಯರು, ಕಿವಿಗೆ ಹೆಡ್‌ಫೋನ್. ಬಲ ಕಿವಿಯಲ್ಲಿ ಒಬ್ಬರು ಕಥೆ ಓದ್ತಾರೆ, ಅದನ್ನು ನಾನು ಜೊತೆಯಲ್ಲೇ ಹೇಳ್ತಾ ಹೋಗಬೇಕು. ಎಡ ಕಿವಿಯಲ್ಲಿ ಏನು ಬಂದರೂ ಬಿಡಬೇಕು. ಎಡ ಕಿವಿಯಲ್ಲಿ ಯಾರೋ ಪಿಸುಪಿಸು ಮಾತಾಡ್ತಾ ಇದ್ದ ಹಾಗಿತ್ತು, ಆದ್ರೆ ಎಂತ ಹೇಳಿದ್ರು ಅಂತ ಒಂದೂ ಗೊತ್ತಾಗಲಿಲ್ಲ.

ಹೊರಗೆ ಬಂದಾಗ ಚಿಕ್ಕಮ್ಮ ಸ್ಕ್ರೀನ್ ನೋಡ್ತಾ ಗಲ್ಲಕ್ಕೆ ಕೈ ಕೊಟ್ಟು ಕೂತಿದ್ರು.

"ನೋಡು, ಮೆದುಳು ಅಂದ್ರೆ ವಾಚ್‌ಮ್ಯಾನ್ ಇದ್ದ ಹಾಗೆ," ಅಂದ್ರು. "ಎಲ್ಲದಕ್ಕೂ ಏಳ್ಲಿಕ್ಕೆ ಅವನಿಂದ ಆಗುವುದಿಲ್ಲ. ಯಾವುದನ್ನು ಕಾಯ್ತಾ ಇದ್ದಾನೋ ಅದು ಮಾತ್ರ ಅವನಿಗೆ ಕಾಣ್ತದೆ. ನಿನ್ನ ಬಸ್ಸಿನ ಆಂಟಿ ಹುಡುಕ್ತಾ ಇದ್ದದ್ದು ಸೀಟು, ಹಾಗಾಗಿ ಸೀಟು ಕಂಡಿತು. ಕುಕ್ಕರಿನ ವಿಶಲ್ ಸ್ವಲ್ಪ ಹೊತ್ತು ಗೇಟಿನ ಹೊರಗೆ ನಿಂತಿರ್ತದೆ, ಅಮ್ಮ ಕೇಳಿದ ಕೂಡಲೇ ಅವನು ಒಳಗೆ ಬಿಟ್ಟ. ಭೂತ ಅಲ್ಲ, ಎಂತ ಅಲ್ಲ."

"ಹಾಗಾದ್ರೆ ನೀವು ಯಾಕೆ ಹಾಗೆ ಕೂತದ್ದು?"

"ಎಡ ಕಿವಿಯಲ್ಲಿ ನಿನ್ನ ಹೆಸರು ಹನ್ನೆರಡು ಸಲ ಹಾಕಿದ್ದೆ. ಗಮನ ಬೇರೆ ಕಡೆ ಇದ್ದರೂ ಸ್ವಂತ ಹೆಸರಿಗೆ ಹೆಚ್ಚಿನವರ ವಾಚ್‌ಮ್ಯಾನ್ ಒಮ್ಮೆಯಾದರೂ ತಲೆ ಎತ್ತುತ್ತಾನೆ. ನಿನ್ನದು ಏಳಲೇ ಇಲ್ಲ. ನಡುವೆ ಸುಮ್ಮನೆ 'ಕಾಗೆ' ಅಂತ ಒಂದು ಶಬ್ದ ಇತ್ತು, ಅದಕ್ಕೆ ಸ್ವಲ್ಪ ಎದ್ದಿದೆ." ನನ್ನ ಕಡೆ ತಿರುಗಿದ್ರು. "ದಿನಾ ಬರುವ ಹಾಲಿನವನಿಗೆ ವಾಚ್‌ಮ್ಯಾನ್ ಏಳುವುದಿಲ್ಲ, ಅಲ್ವಾ? ಹಾಗೆ. ನಿನ್ನ ಹೆಸರು ಕರೆದಾಗ ಉತ್ತರ ಕೊಡುವುದು ಯಾರು?"

ಆಗ ನನಗೆ ಹೊಳೆಯಿತು. ಕಾಲೇಜಿನ ಮೊದಲ ದಿನ ಅಟೆಂಡೆನ್ಸಿಗೆ ನನ್ನ ಹೆಸರು ಕರೆದಾಗ ನನ್ನ ಬಾಯಿಯಿಂದ ಶಬ್ದ ಹೊರಡಲಿಲ್ಲ. ಹಿಂದಿನ ಬೆಂಚಿನ, ಹೂಡೆ ಊರಿನ ಹುಡುಗಿ ಪಾಪ ಅಂತ ನನಗಾಗಿ "ಪ್ರೆಸೆಂಟ್ ಮಿಸ್" ಅಂದಳು. ಅವಳದ್ದು ಚೆಂಡೆಯಂಥ ದಪ್ಪ ಧ್ವನಿ. ನನಗೆ ಅಂತಲೇ ತೆಳ್ಳಗೆ, ಸಪೂರದ ಒಂದು ಧ್ವನಿ ಮಾಡಿಟ್ಟಿದ್ದಳು. ಆವತ್ತಿನಿಂದ ದಿನಾ ಅವಳೇ ಹೇಳುವುದು. ನಾನು ಪುಸ್ತಕದಿಂದ ತಲೆ ಎತ್ತುವುದನ್ನೇ ಬಿಟ್ಟೆ. ಈ ಸಲ ಅವಳಿಗೆ ಜಾಂಡೀಸ್ ಆಗಿ ಹತ್ತೊಂಬತ್ತು ದಿನ ಬರಲಿಲ್ಲ. ಆ ಹತ್ತೊಂಬತ್ತು ದಿನ ಮಿಸ್ ನನ್ನ ಹೆಸರು ಕರೆದದ್ದೇ ನನಗೆ ಕೇಳಿಲ್ಲ. ಶುಕ್ರವಾರ ಅವಳು ವಾಪಸ್ ಬಂದು ಪುನಃ ಹೇಳಿದ್ದಕ್ಕೆ ಇಪ್ಪತ್ತಾಗಲಿಲ್ಲ. ಅವಳಿಗಾದರೆ ಡಾಕ್ಟರ ಸರ್ಟಿಫಿಕೇಟ್ ಇತ್ತು. ನನಗೆ ಜಾಂಡೀಸೂ ಇರ್ಲಿಲ್ಲ.

"ಹಾಗಾದ್ರೆ ನಾನು ಯಾರು ಚಿಕ್ಕಮ್ಮ?" ಅಂದೆ. ಅಳು ಬರ್ತಾ ಇತ್ತು.

"ಸದ್ಯಕ್ಕೆ ಕಾಗೆಗಿಂತ ಕಡಿಮೆ," ಅಂದ್ರು. "ಸೋಮವಾರ ನೀನೇ ಬಾಯಿ ಬಿಟ್ಟು ಹೇಳು. ಈಗ ತಲೆ ತೊಳ್ಕೋ, ಪೇಸ್ಟು ಗಟ್ಟಿಯಾಗ್ತದೆ."

ಸಪೂರ ಧ್ವನಿ

ಸೋಮವಾರ ಮೊದಲ ಪೀರಿಯಡ್ ಕೆಮಿಸ್ಟ್ರಿ. ಮಿಸ್ ಕಾರ್ಕಳದಿಂದ ಬರುವವರು. ಬಸ್ಸಿಳಿದು ಓಡಿ ಬಂದು, ಏದುಸಿರಲ್ಲೇ ರಿಜಿಸ್ಟರ್ ಬಿಡಿಸಿ, ತಲೆ ಎತ್ತದೆ ಅರವತ್ತು ಹೆಸರು ಕರೆದು ಮುಗಿಸ್ತಾರೆ. "ನೀನು ಕಾರ್ಕಳದ ಗೊಮ್ಮಟನ ಹಾಗೆ ನಿಂತರೂ ಅವರು ನೋಡ್ಲಿಕ್ಕಿಲ್ಲ, ಬಾಯಿಯೇ ಬಿಡಬೇಕು," ಅಂತ ಅಜ್ಜಿ ಹೇಳಿ ಕಳಿಸಿದ್ರು.

"ಇವತ್ತು ನೀನು ಹೇಳಬೇಡ," ಅಂತ ಹೂಡೆಯವಳಿಗೆ ಹೇಳಿದೆ.

"ನೀನು ಹೇಳ್ತೀಯಾ? ಶಬ್ದ ಬರ್ತದಾ?"

"ನೋಡುವಾ."

ಪುಸ್ತಕ ಮುಚ್ಚಿ ಬ್ಯಾಗಿಗೆ ಹಾಕಿದೆ. ಪೆನ್ಸಿಲಿನ ತುದಿಯನ್ನು ಅಂಗೈಗೆ ಒತ್ತಿ ಹಿಡ್ಕೊಂಡು ಕಾದೆ. ನನ್ನ ಹೆಸರು ಬಂತು. ಯಾರೋ ಬೇರೆಯವರನ್ನು, ತುಂಬಾ ದೂರದಿಂದ ಕರೆದ ಹಾಗೆ.

"ಪ್ರೆಸೆಂಟ್ ಮಿಸ್."

ತುಕ್ಕು ಹಿಡಿದ ಗೇಟಿನ ಶಬ್ದ. ಪಕ್ಕದವಳು ಬೆಚ್ಚಿದಳು.

"ಯಾರದು ಪ್ರಾಕ್ಸಿ ಕೊಡುವುದು?" ಮಿಸ್ ತಲೆ ಎತ್ತಲಿಲ್ಲ. "ಆ ಹುಡುಗಿಯ ಧ್ವನಿ ನನಗೆ ಗೊತ್ತುಂಟು. ಎರಡು ವರ್ಷದಿಂದ ಕೇಳ್ತಾ ಇದ್ದೇನೆ." ಪೆನ್ನು ಆಬ್ಸೆಂಟ್ ಹಾಕ್ಲಿಕ್ಕೆ ಇಳಿಯಿತು. ಅದು ಬಿದ್ದರೆ ನನ್ನ ಪರೀಕ್ಷೆ ಮುಗೀತು.

ಎದ್ದು ನಿಂತೆ. "ಮಿಸ್, ನಾನೇ."

ಮಿಸ್ ತಲೆ ಎತ್ತಿದ್ರು. ನನ್ನ ಮುಖ, ಐಡಿ ಕಾರ್ಡು, ಪುನಃ ಮುಖ. "ನೀನು ಹೊಸ ಅಡ್ಮಿಷನ್ನಾ?"

"ಅಲ್ಲ ಮಿಸ್. ಎರಡು ವರ್ಷ ಆಯ್ತು. ಇದೇ ಬೆಂಚು."

"ಹಾಗಾದ್ರೆ ಆ ಸಪೂರ ಧ್ವನಿ ಯಾರದ್ದು?"

ಹೂಡೆಯವಳು ಬೆಂಚಿನಡಿ ಬೀಳದ ಪೆನ್ನು ಹುಡುಕ್ತಾ ಇದ್ದಳು. ನಾನು ಅವಳ ಹೆಸರು ಹೇಳಲಿಲ್ಲ. ಮಿಸ್ ಒಮ್ಮೆ ಮೂಲೆಯ ಖಾಲಿ ಬೆಂಚನ್ನು ನೋಡಿ ಸೆರಗು ಹೊದ್ದುಕೊಂಡ್ರು.

"ಆ ಹತ್ತೊಂಬತ್ತು ದಿನ?"

"ಬಂದಿದ್ದೆ ಮಿಸ್."

"ಇವಳನ್ನು ನೋಡಿದವರು ಯಾರು?"

ಎಲ್ಲರೂ ನನ್ನನ್ನೇ ನೋಡಿ ನೆನಪು ಮಾಡ್ಲಿಕ್ಕೆ ಪ್ರಯತ್ನಿಸಿದ್ರು. ಕೊನೆಗೆ ಪಕ್ಕದವಳು ಕೈ ಎತ್ತಿದಳು. "ಬ್ಯಾಗ್ ನೋಡಿದ ನೆನಪುಂಟು ಮಿಸ್."

ಹೋಗಿ ನನ್ನ ನೋಟ್ಸ್ ಪುಸ್ತಕ ಅವರ ಮುಂದೆ ಇಟ್ಟೆ. ಹತ್ತೊಂಬತ್ತು ದಿನದ ಪಾಠವೂ ತಾರೀಕು ಸಮೇತ ಉಂಟು. ಮಾರ್ಜಿನಿನಲ್ಲಿ ಕಂಡದ್ದೆಲ್ಲ ಬರೆಯುವುದು ನನ್ನ ಅಭ್ಯಾಸ. ಮಿಸ್ ಒಂದೊಂದೇ ಪುಟ ಮಗುಚಿ, ಒಂದು ಕಡೆ ನಿಂತ್ರು. ಅಲ್ಲಿ ಎಂತ ಬರೆದಿದ್ದೆ ಅಂತ ನನಗೆ ಆಗ ನೆನಪಾಯ್ತು: ಮಿಸ್‌ನ ಬಲಗಾಲಿಗೆ ಕಪ್ಪು ಚಪ್ಪಲಿ, ಎಡಗಾಲಿಗೆ ಕಂದು. ಇಡೀ ದಿನ ಯಾರೂ ನೋಡಿಲ್ಲ.

"ನೀನು ನೋಡಿದ್ಯಾ?" ಮಿಸ್ ಮೆಲ್ಲ ಕೇಳಿದ್ರು.

"ಹೂಂ," ಅಂದೆ. ಆ ಹೂಂ ನನ್ನದೇ.

ಮಿಸ್ ಪುಸ್ತಕ ಮುಚ್ಚಿ, ಹತ್ತೊಂಬತ್ತಕ್ಕೂ ಒಂದೇ ಉಸಿರಲ್ಲಿ ಪ್ರೆಸೆಂಟ್ ಹಾಕಿ ಸೈನ್ ಮಾಡಿದ್ರು. ಹೋಗಿ ಕೂತೆ. ಹಾಜರಿ ಮುಂದುವರೀತು. ಹೂಡೆಯವಳ ಹೆಸರು ಬಂತು. ಸಿಕ್ಕಿಬೀಳ್ತೇನೆ ಅನ್ನುವ ಹೆದರಿಕೆಗೆ ಅವಳ ಗಂಟಲು ಒಣಗಿತ್ತು. ಬಾಯಿ ಬಿಟ್ಟರೆ ಬಂದದ್ದು ಆ ಸಪೂರ ಧ್ವನಿ:

"ಪ್ರೆಸೆಂಟ್ ಮಿಸ್."

ಮಿಸ್‌ನ ಪೆನ್ನು ನಿಂತಿತು. ಈ ಸಲ ಅವರು ತಲೆ ಎತ್ತಲೇ ಇಲ್ಲ. ಧೈರ್ಯ ಸಾಲಲಿಲ್ಲವೋ ಎಂತದೋ. ಗಡಿಬಿಡಿಯಲ್ಲಿ ಅವಳಿಗೆ ಆಬ್ಸೆಂಟ್ ಹಾಕಿ ಮುಂದಿನ ಹೆಸರಿಗೆ ಓಡಿದ್ರು.

ಆವತ್ತಿನಿಂದ ರಿಜಿಸ್ಟರ್ ಕಂಡರೆ ಹೂಡೆಯವಳ ಗಂಟಲು ಸಪೂರ ಆಗ್ತದೆ. ಹಾಗಾಗಿ ಈಗ ದಿನಾ ನಾನು ಎರಡು ಸಲ ಹೇಳ್ತೇನೆ. ಒಮ್ಮೆ ನನ್ನದು. ಇನ್ನೊಮ್ಮೆ, ದಪ್ಪ ಧ್ವನಿ ಮಾಡಿ, ಅವಳದ್ದು. ಆ ಧ್ವನಿ ಮಿಸ್‌ಗೆ ಗೊತ್ತುಂಟು.