ಹಲ್ಲುನೋವಿಗೊಂದು ಕಾದಂಬರಿ

ಹಲ್ಲಿನ ಡಾಕ್ಟರ ಹತ್ತಿರ ಯಾರೂ ಇಷ್ಟಪಟ್ಟು ಬರುವುದಿಲ್ಲ ಎಂದು ಕಾಲೇಜಿನಲ್ಲಿ ನಮ್ಮ ಪ್ರೊಫೆಸರು ಹೇಳುತ್ತಿದ್ದರು. ಮದರಾಸಿನ ಅಣ್ಣಾ ನಗರದ ನನ್ನ ಕ್ಲಿನಿಕ್ಕಿಗೆ ಜನ ಇಷ್ಟಪಟ್ಟೇ ಬರುತ್ತಾರೆ. ಬಂದವರನ್ನು ಒಳಗೆ ಕರೆಸಿಕೊಳ್ಳುವುದೇ ಕಷ್ಟ. ಒಂದು ಮುಗಿಯಿತು ಅನ್ನುವಷ್ಟರಲ್ಲಿ ಇನ್ನೊಂದು ಫಜೀತಿ ಶುರುವಾಗುತ್ತದೆ. ಇದಕ್ಕೆಲ್ಲ ಮೂಲ ನಮ್ಮಮ್ಮ.

೧. ಟಿವಿ ಹೋಗಿ ಪುಸ್ತಕ ಬಂದದ್ದು

ರೋಗಿಗಳು ಕಾಯುವ ಕೋಣೆಯಲ್ಲಿ ಒಂದು ಟಿವಿ ಇತ್ತು. ಅದು ಕೆಟ್ಟಿತು. ಮನೆಯಲ್ಲಿ ಆ ಸುದ್ದಿ ಹೇಳಿದ್ದೇ ತಡ, ಮಾರನೆಯ ಬೆಳಿಗ್ಗೆ ಅಮ್ಮ ಎರಡು ದೊಡ್ಡ ಚೀಲಗಳ ತುಂಬ ಪುಸ್ತಕ ಹೇರಿಕೊಂಡು ಆಟೋದಲ್ಲಿ ಬಂದಿಳಿದಳು. ನಮ್ಮ ಮನೆತನ ಮದರಾಸಿಗೆ ಬಂದು ಮೂರು ತಲೆಮಾರಾಯಿತು. ಅಮ್ಮ ಕನ್ನಡ, ತಮಿಳು, ಇಂಗ್ಲಿಷು ಮೂರನ್ನೂ ಓದುತ್ತಾಳೆ, ಮೂರನ್ನೂ ಕಲಸಿ ಮಾತಾಡುತ್ತಾಳೆ.

"ಟಿವಿ ರಿಪೇರಿ ಅಪ್ಪುರಂ ನೋಡ್ಕೋಬಹುದು. ಮೊದಲು ಇವನ್ನ ಜೋಡ್ಸು" ಅಂದಳು.

ರಿಸೆಪ್ಷನ್ನಿನಲ್ಲಿ ಕೂರುವ ಅಕ್ಕನಿಗೆ ಇದು ಸರಿಬರಲಿಲ್ಲ. ಆಕೆ ನನಗಿಂತ ಹಿರಿಯಳು, ತಮಿಳಿನವಳು, ಕ್ಲಿನಿಕ್ಕು ಶುರುವಾದಾಗಿನಿಂದ ಜೊತೆಯಲ್ಲಿದ್ದಾಳೆ. ಹಲ್ಲು ನೋಯುತ್ತಿರುವಾಗ ಯಾರಮ್ಮ ಕಥೆ ಓದುತ್ತಾರೆ, ಬಂದವರೂ ಎದ್ದುಹೋಗುತ್ತಾರೆ ಎಂದು ಗೊಣಗಿದಳು. ಗೊಣಗುತ್ತಲೇ ಕಪಾಟಿನಲ್ಲಿ ಜೋಡಿಸಿದಳು.

ಅವತ್ತು ಸಂಜೆ ನಾನು ಗ್ಲೌಸು ಹಾಕಿಕೊಂಡು ಕೂತೆ. ಯಾರೂ ಒಳಗೆ ಬರಲಿಲ್ಲ. ಹೊರಗೆ ಅಕ್ಕ ಹೆಸರು ಕೂಗುವುದು ಕೇಳಿಸುತ್ತಿತ್ತು. ಬಾಗಿಲು ಸ್ವಲ್ಪ ತೆರೆದು ನೋಡಿದರೆ, ಮೊದಲನೆಯವರು ಪುಸ್ತಕದಿಂದ ತಲೆಯೆತ್ತದೆ, ಪಾಪ, ಪಕ್ಕದವರಿಗೆ ನೋವು ಜಾಸ್ತಿ ಇರಬಹುದು, ಅವರು ಹೋಗಲಿ ಅಂದರು. ಪಕ್ಕದವರೂ ಅಷ್ಟೇ ಉದಾರಿ, ತಮ್ಮ ಪಕ್ಕದವರನ್ನು ತೋರಿಸಿದರು. ಹೀಗೆ ಆ ಉಪಕಾರ ಬೆಂಚಿನ ಈ ತುದಿಯಿಂದ ಆ ತುದಿಗೆ ಹೋಯಿತು. ಕೊನೆಗೆ ಮುಖ ಸಿಂಡರಿಸಿಕೊಂಡು ಒಬ್ಬರೇ ಒಬ್ಬರು ಒಳಗೆ ಬಂದರು.

ಅವರು ಕನ್ನಡಕ ಮನೆಯಲ್ಲೇ ಮರೆತು ಬಂದಿದ್ದರು.

೨. ಅಕ್ಕನ ಉಪಾಯ

ಇದು ದಿನಾ ಹೀಗೇ ಆದರೆ ಕ್ಲಿನಿಕ್ಕು ಮುಚ್ಚಬೇಕಾಗುತ್ತದೆ, ಪುಸ್ತಕ ವಾಪಸು ಕಳಿಸಿಬಿಡೋಣ ಅಂದೆ. ಅಕ್ಕ, ಸ್ವಲ್ಪ ದಿನ ತಾಳಿ, ನಾನು ನೋಡಿಕೊಳ್ಳುತ್ತೇನೆ ಅಂದಳು. ಶಾಲೆ ಬಿಟ್ಟ ಮೇಲೆ ಪುಸ್ತಕ ಮುಟ್ಟದಿದ್ದವಳು ಊಟದ ಹೊತ್ತಿನಲ್ಲಿ, ಬಸ್ಸಿನಲ್ಲಿ, ಕುಕ್ಕರು ಕೂಗುವವರೆಗೆ ಅಡುಗೆಮನೆಯಲ್ಲಿ ಓದತೊಡಗಿದಳು. ಕಪಾಟಿನಲ್ಲಿದ್ದ ತಮಿಳು ಪತ್ತೇದಾರಿ ಕಾದಂಬರಿಗಳೆಲ್ಲ ಮುಗಿದವು.

ಆಮೇಲೊಂದು ದಿನ ಒಬ್ಬ ಯುವಕ ಎಷ್ಟು ಕರೆದರೂ ಏಳಲಿಲ್ಲ. ಅಕ್ಕ ಕುರ್ಚಿಯಿಂದ ಎದ್ದು ಬಂದು ಅವನ ಕೈಯಲ್ಲಿದ್ದ ಪುಸ್ತಕದ ರಟ್ಟು ನೋಡಿದಳು. ಆಮೇಲೆ ಬಹಳ ಮೆತ್ತಗೆ ಕೇಳಿದಳು:

"ಒಳಗೆ ಹೋಗ್ತೀಯಾ ತಂಬಿ? ಇಲ್ಲಾ ಕೊಲೆ ಮಾಡಿದ್ದು ಯಾರು ಅಂತ ಹೇಳ್ಲಾ?"

ಅವನ ಜೊತೆಗೆ ಇನ್ನಿಬ್ಬರು ಓಡಿಬಂದರು. ಅವರ ಸರದಿ ಇನ್ನೂ ಬಂದಿರಲಿಲ್ಲ.

೩. ಊರು ತಿರುಗುವ ನೋವು

ಪಕ್ಕದ ಬೀದಿಯಲ್ಲಿ ನಿವೃತ್ತ ಆಫೀಸರೊಬ್ಬರಿದ್ದಾರೆ. ಬಹಳ ಗಂಭೀರ ಮನುಷ್ಯ. ಒಂದು ದಿನ ಮೇಲಿನ ಎಡಗಡೆ ನೋವು ಎಂದು ಬಂದರು. ನೋಡಿದೆ, ಏನೂ ಇಲ್ಲ. ಎರಡು ದಿನ ಬಿಟ್ಟು ಕೆಳಗಿನ ಬಲಗಡೆ ಅಂದರು. ಎಕ್ಸ್‌ರೇ ತೆಗೆಸಿದೆ. ಹಲ್ಲು ಕಲ್ಲಿನಂತೆ ಗಟ್ಟಿ. ಮೂರನೆಯ ಸಲ ಬಂದಾಗ ನೋವು ಬಾಯಿಯ ನಡುವಿಗೆ ಬಂದಿತ್ತು. ನನಗೆ ನಿಜವಾಗಿ ಗಾಬರಿಯಾಯಿತು. ನರದ ತೊಂದರೆಯೇ ಇರಬಹುದೆಂದು ದೊಡ್ಡ ಆಸ್ಪತ್ರೆಗೆ ಚೀಟಿ ಬರೆಯಲು ಕೂತೆ.

ಚೀಟಿ ನೋಡಿ ಅವರು ಬೆವರಿದರು. ಬಾಗಿಲು ಮುಚ್ಚಿದೆಯೇ ಎಂದು ಒಮ್ಮೆ ತಿರುಗಿ ನೋಡಿ ನಿಜ ಹೇಳಿದರು. ನೋವೇನೂ ಇಲ್ಲ. ಹೊರಗೆ ಕಪಾಟಿನಲ್ಲಿ ಹಸಿರು ರಟ್ಟಿನ ಒಂದು ಕಾದಂಬರಿ ಇದೆ, ಅದು ಅರ್ಧ ಆಗಿದೆ. ಮನೆಗೆ ತೆಗೆದುಕೊಂಡು ಹೋಗಿ ಅಂದೆ. ಅವರು ಬೇಡವೆಂದು ತಲೆಯಾಡಿಸಿದರು.

"ಮನೇಲಿ ಪುಸ್ತಕ ಹಿಡಿದು ಕೂತ್ರೆ, ಸುಮ್ನೆ ತಾನೇ ಕೂತಿದೀರಿ, ಕೊತ್ತಂಬರಿ ತಂದ್ಬಿಡಿ ಅಂತಾರೆ. ಹಲ್ಲುನೋವು ಅಂದ್ರೆ ಒಂದು ಮರ್ಯಾದೆ ಇದೆ, ಡಾಕ್ಟರ್."

ಅವರ ಮನೆಯಾಕೆಗೆ ನಾನು ಏನನ್ನೂ ಹೇಳಲಿಲ್ಲ. ಆದರೆ ಮುಂದಿನ ವಾರ ಆಕೆಯೇ ಬಂದರು, ಕೆನ್ನೆಗೆ ಸೆರಗು ಒತ್ತಿಕೊಂಡು. ಯಾವ ಹಲ್ಲು ಎಂದು ಕೇಳಿದೆ. ಆಕೆ ಕೆನ್ನೆಯಿಂದ ಕೈ ತೆಗೆದು ಕುರ್ಚಿಯಲ್ಲಿ ನೆಟ್ಟಗೆ ಕೂತರು. ಯಜಮಾನರು ದಿನಾ ರಾತ್ರಿ ಊಟಕ್ಕೆ ಕೂತಾಗ ಒಂದು ಕಥೆ ಹೇಳುತ್ತಾರಂತೆ. ಸರಿಯಾದ ಜಾಗಕ್ಕೆ ಬಂದಾಗ ನಿಲ್ಲಿಸಿ, ಮುಂದಿನದು ನಾಡಿದ್ದು, ಡಾಕ್ಟರ ಹತ್ತಿರ ಹೋಗಿಬಂದ ಮೇಲೆ ಅನ್ನುತ್ತಾರಂತೆ.

"ಅಷ್ಟು ದಿನ ನನ್ನಿಂದ ತಡೆಯೋಕಾಗಲ್ಲ. ನನಗೂ ಒಂದು ಹಲ್ಲು ನೀವೇ ಹುಡುಕಿಕೊಡಿ" ಅಂದರು.

೪. ಸೌಕಾರ್‌ಪೇಟೆಯ ಸೀರೆ ವ್ಯಾಪಾರಿ

ಅಮ್ಮ ತಂದ ಕನ್ನಡ ಪುಸ್ತಕಗಳನ್ನು ಬಹಳ ದಿನ ಯಾರೂ ಮುಟ್ಟಿರಲಿಲ್ಲ. ಆಗ ಬಂದವರು ಸೌಕಾರ್‌ಪೇಟೆಯಲ್ಲಿ ಸಗಟು ಸೀರೆ ವ್ಯಾಪಾರ ಮಾಡುವ ಒಬ್ಬ ಯಜಮಾನರು. ಹಣೆಯಲ್ಲಿ ವಿಭೂತಿ, ಬಾಯಲ್ಲಿ ಉತ್ತರ ಕರ್ನಾಟಕದ ಕನ್ನಡ. ಮುತ್ತಜ್ಜನ ಕಾಲದಲ್ಲಿ ಇಲ್ಲಿಗೆ ಬಂದವರು, ಶಾಲೆಯಲ್ಲಿ ಕಲಿತದ್ದು ತಮಿಳು. ಚಿಕ್ಕಂದಿನಲ್ಲಿ ಅವರ ಅಜ್ಜಿ ಅಕ್ಕಿ ಹರವಿದ ತಟ್ಟೆಯಲ್ಲಿ ಕನ್ನಡ ಅಕ್ಷರ ತಿದ್ದಿಸಿದ್ದರಂತೆ. ಅದೆಲ್ಲ ಮರೆತು ಎಷ್ಟೋ ಕಾಲವಾಗಿತ್ತು.

ಅವರಿಗೆ ರೂಟ್ ಕೆನಾಲ್ ಆಗಬೇಕಿತ್ತು, ಹಲವು ಸಲ ಬರಬೇಕು. ಮೊದಲ ದಿನ ಕೈಗೆ ಸಿಕ್ಕ ಕನ್ನಡ ಕಾದಂಬರಿ ತೆರೆದರು. ಬೆರಳಿಟ್ಟು, ಅಕ್ಷರ ಕೂಡಿಸಿ, ಗಟ್ಟಿಯಾಗಿ ಓದಿದರು. ಒತ್ತಕ್ಷರ ಬಂದಾಗ ಗಾಡಿ ಹಳ್ಳಕ್ಕೆ ಇಳಿದಂತೆ ನಿಲ್ಲುತ್ತಿತ್ತು. ಒಂದು ವಾಕ್ಯ ಮುಗಿದಾಗ ಅವರ ಮುಖ ನೋಡಬೇಕಿತ್ತು. ಒಳಗೆ ಬಂದವರೇ, "ಡಾಕ್ಟ್ರಮ್ಮಾ, ನಮ್ಮಜ್ಜಿ ಹಾಕಿದ ಅಕ್ಷರ ಇನ್ನೂ ಒಳಗಽ ಕುಂತಾವ ನೋಡ್ರಿ" ಅಂದರು. ಕಣ್ಣು ಒದ್ದೆಯಾಗಿತ್ತು. ನಾನಿನ್ನೂ ಹಲ್ಲು ಮುಟ್ಟಿರಲಿಲ್ಲ.

ಮದುವೆಯ ಹಿಂದಿನ ದಿನ ಹುಡುಗಿ ಕಾಣೆಯಾಗುವ ಕಥೆ ಅದು. ಇವರು ಓದುವುದನ್ನು ಕೇಳಿ ಪಕ್ಕದ ತಮಿಳಿನವರು ಏನು ಕಥೆ ಎಂದು ವಿಚಾರಿಸಿದರು. ಇವರು ತಮಿಳಿನಲ್ಲಿ ಹೇಳಿದರು. ಮುಂದಿನ ಸಲದಿಂದ ಒಂದು ಪ್ಯಾರಾ ಕನ್ನಡ, ಒಂದು ಪ್ಯಾರಾ ತಮಿಳು ಎಂದಾಯಿತು. ಅವರು ಬರುವ ಹೊತ್ತು ಕೇಳಿಕೊಂಡೇ ಕೆಲವರು ಅಪಾಯಿಂಟ್‌ಮೆಂಟ್ ತೆಗೆದುಕೊಳ್ಳತೊಡಗಿದರು. ಹುಡುಗಿ ತಾನಾಗಿ ಓಡಿಹೋದಳೆಂದು ಒಂದು ಬೆಂಚು, ಯಾರೋ ಬಚ್ಚಿಟ್ಟಿದ್ದಾರೆಂದು ಇನ್ನೊಂದು ಬೆಂಚು.

ಹುಡುಗಿ ಸಿಗುವ ಅಧ್ಯಾಯ ಬಂದ ದಿನ ಅವರ ಸರದಿ ಮೊದಲೇ ಇತ್ತು. ನಾನು ಇಂಜೆಕ್ಷನ್ ಕೊಟ್ಟು, ಮರಗಟ್ಟುವವರೆಗೆ ಹೊರಗೆ ಕೂತಿರಿ ಎಂದು ಕಳಿಸಿದೆ. ಸ್ವಲ್ಪ ಹೊತ್ತಿಗೆ ಹೊರಗೆ ಗದ್ದಲ. ಹೋಗಿ ನೋಡಿದರೆ ಯಜಮಾನರು ಪುಸ್ತಕ ಹಿಡಿದು ನಿಂತಿದ್ದಾರೆ, ಅರ್ಧ ಬಾಯಿ ಓದುತ್ತಿದೆ, ಇನ್ನರ್ಧ ಜೋತುಬಿದ್ದಿದೆ. ಬಾಯಿಂದ ಬರುತ್ತಿದ್ದದ್ದು ಕನ್ನಡವೂ ಅಲ್ಲ, ತಮಿಳೂ ಅಲ್ಲ. ಎರಡೂ ಬೆಂಚಿನವರು ಒಟ್ಟಾಗಿ ನನ್ನ ಕಡೆ ತಿರುಗಿದರು. ಅವರ ಪರವಾಗಿ ಹಿರಿಯರೊಬ್ಬರು ಬಹಳ ವಿನಯದಿಂದ ಕೇಳಿದರು:

"ಡಾಕ್ಟರಮ್ಮಾ, ಆ ಇಂಜೆಕ್ಷನ್ ವಾಪಸ್ ತೆಗೆಯೋಕಾಗುತ್ತಾ?"

೫. ಮೊಮ್ಮಗಳ ಕನ್ನಡ

ಅದೇ ಯಜಮಾನರಿಗೆ ಕಾಲೇಜಿಗೆ ಹೋಗುವ ಮೊಮ್ಮಗಳಿದ್ದಾಳೆ. ಮನೆಯವರು ಕನ್ನಡದಲ್ಲಿ ಕೇಳಿದ್ದಕ್ಕೆ ತಮಿಳಿನಲ್ಲೇ ಉತ್ತರ. ಹಲ್ಲಿನ ಕೆಲಸ ಮುಗಿದ ಮೇಲೂ ಅಜ್ಜನಿಗೆ ಕೇಳುವವರು ಬೇಕಾಗಿದ್ದರಿಂದ, ಆಕೆ ಟಿ. ನಗರದ ಬಸ್ಸಿನಲ್ಲಿ ಸಿಕ್ಕಿಕೊಂಡಿರುವ ಹೊತ್ತು ನೋಡಿ ಫೋನು ಮಾಡಿ ಓದುತ್ತಿದ್ದರು. ಒಳ್ಳೆಯ ಜಾಗದಲ್ಲಿ ನಿಲ್ಲಿಸುವುದು, ಆಮೇಲೇನು ಎಂದು ಆಕೆ ತಮಿಳಿನಲ್ಲಿ "ಅಪ್ಪುರಂ?" ಅಂದರೆ ಕೇಳಿಸದಂತೆ ಸುಮ್ಮನಿರುವುದು, ಕನ್ನಡದಲ್ಲಿ ಕೇಳಿದರೆ ಮಾತ್ರ ಮುಂದುವರಿಸುವುದು. ಹುಡುಗಿ ಬೇರೆ ದಾರಿಯಿಲ್ಲದೆ "ಮುಂದೇನಾತು ಅಜ್ಜಾ?" ಎನ್ನುವುದನ್ನು ಕಲಿತಳು. ಅಷ್ಟಕ್ಕೇ ಯಜಮಾನರು ನಮ್ಮ ಕ್ಲಿನಿಕ್ಕಿಗೆ ಸಿಹಿ ತಂದರು. ಹಲ್ಲಿನ ಆಸ್ಪತ್ರೆಗೆ ಜಿಲೇಬಿ.

ಕೆಲವು ತಿಂಗಳ ಮೇಲೆ ಮತ್ತೆ ಬಂದರು. ಮುಖದಲ್ಲಿ ಹೆಮ್ಮೆಯೂ ಇತ್ತು, ದುಃಖವೂ ಇತ್ತು. ಮೊಮ್ಮಗಳು ಅಜ್ಜನ ಹತ್ತಿರ ಅಕ್ಷರ ಕಲಿತಿದ್ದಾಳಂತೆ, ಈಗ ಪೂರಾ ವಾಕ್ಯ ಕನ್ನಡದಲ್ಲಿ ಆಡುತ್ತಾಳಂತೆ. ಮೊದಲು ಆಡಿದ್ದು ಏನು ಎಂದು ಕೇಳಿದೆ.

"'ಅಜ್ಜಾ, ನೀ ಓದೂದು ಭಾಳ ನಿಧಾನ ಆತು. ಪುಸ್ತಕ ಇಲ್ಲಿ ಕೊಡು' ಅಂದ್ಳರೀ."

೬. ಇನ್ಸ್‌ಪೆಕ್ಟರ್ ಮೇಡಂ

ಇದು ಈಚಿನದು. ಒಬ್ಬರು ಮಹಿಳಾ ಪೊಲೀಸ್ ಇನ್ಸ್‌ಪೆಕ್ಟರ್. ಎತ್ತರದ ಆಳು, ಅವರು ಒಳಗೆ ಬಂದರೆ ಕಾಯುತ್ತಿರುವವರೆಲ್ಲ ಕಾಲು ಮಡಚಿಕೊಳ್ಳುತ್ತಾರೆ. ದವಡೆಯ ಹಲ್ಲೊಂದು ಪೂರಾ ಹಾಳಾಗಿತ್ತು, ಕೀಳಲೇಬೇಕು. ಆದರೆ ಅಕ್ಕ ಹೆಸರು ಕರೆದಾಗಲೆಲ್ಲ ಅವರಿಗೆ ಅರ್ಜೆಂಟ್ ಫೋನು ಬರುತ್ತಿತ್ತು. ಫೋನು ಕಿವಿಗಿಟ್ಟುಕೊಂಡು ಹೊರಟರೆ ಜೀಪಿನ ಸದ್ದೇ. ಆ ಫೋನು ಒಮ್ಮೆಯೂ ರಿಂಗಾದದ್ದು ನಾವು ಕೇಳಿಲ್ಲ.

ಕೊನೆಗೊಂದು ದಿನ ಊದಿದ ಕೆನ್ನೆಯೊಂದಿಗೆ ಬಂದು, ಕುರ್ಚಿಯ ಎರಡೂ ಕೈ ಬಿಗಿಯಾಗಿ ಹಿಡಿದು ಕೂತರು. ಔಷಧಿ ಕೊಟ್ಟು ಊತ ಇಳಿಸಿ, ಮುಂದಿನ ವಾರ ಮತ್ತೆ ಕರೆಸಿದೆ. ಇಂಜೆಕ್ಷನ್ ಕೊಡುವಾಗ ಕಣ್ಣು ಮುಚ್ಚಿ ತಮಗೆ ಗೊತ್ತಿದ್ದ ದೇವರನ್ನೆಲ್ಲ ಕರೆದರು. ಆ ಸ್ಥಿತಿ ನೋಡಲಾರದೆ ಅಕ್ಕ ತನಗೆ ಬಹಳ ಇಷ್ಟವಾದ ಒಂದು ತಮಿಳು ಕಾದಂಬರಿ ತಂದು ಅವರ ಕೈಗಿತ್ತಳು. ಸುಮ್ಮನೆ ಮೊದಲ ಪುಟ ನೋಡಿ ಮೇಡಂ, ಅಷ್ಟರಲ್ಲಿ ಮರಗಟ್ಟುತ್ತದೆ ಅಂದಳು.

ಮೇಡಂ ಓದಿದರು. ಪುಟ ತಿರುಗಿತು. ಮತ್ತೆ ತಿರುಗಿತು. ನಾನು ಒಸಡು ಮುಟ್ಟಿ ನೋವಿದೆಯಾ ಅಂದೆ. "ಊಹೂಂ" ಅಂದರು, ಕಣ್ಣು ಪುಸ್ತಕದಲ್ಲೇ. ಕುರ್ಚಿ ಹಿಂದಕ್ಕೆ ಬಾಗಿಸಿದೆ. ಪುಸ್ತಕವನ್ನು ಮುಖದ ಮೇಲೆ ಎತ್ತಿಹಿಡಿದರು, ಬಾಯಿ ತೆರೆದರು, ಓದು ನಡೆದೇ ಇತ್ತು. ನಾನು ಪುಸ್ತಕದ ಕೆಳಗೆ ಕೈತೂರಿಸಿ ಕೆಲಸ ಶುರುಮಾಡಿದೆ. ಸ್ವಲ್ಪ ಹೊತ್ತಿಗೆ ಅವರ ಕಣ್ಣಿಂದ ಧಾರಾಕಾರ ನೀರು. ನಾನು ಬೆಚ್ಚಿ ಇಕ್ಕಳ ತೆಗೆದು, ನೋಯಿತಾ ಅಂದೆ. ಅವರು ಇಲ್ಲವೆಂದು ತಲೆಯಾಡಿಸಿ ಪುಸ್ತಕದ ಕಡೆ ಬೆರಳು ತೋರಿಸಿದರು. ಪಕ್ಕದಲ್ಲಿ ಜೊಲ್ಲು ಹೀರುವ ನಳಿಕೆ ಹಿಡಿದು ನಿಂತಿದ್ದ ಅಕ್ಕನ ಕಡೆ ತಿರುಗಿದರೆ ಅವಳೂ ಮೂಗೊರೆಸಿಕೊಳ್ಳುತ್ತಿದ್ದಾಳೆ. "ಕಥೇಲಿ ಅಮ್ಮ ಸಾಯೋ ಜಾಗ ಬಂದಿದೆ, ಡಾಕ್ಟರ್" ಅಂದಳು.

ಅಮ್ಮ ಸತ್ತಳು. ಹಲ್ಲೂ ಬಂತು. ನಾನು ಅದನ್ನು ಟ್ರೇನಲ್ಲಿ ಹಾಕಿ, ಗಾಯಕ್ಕೆ ಇಡಲು ಹತ್ತಿ ಕೈಗೆತ್ತಿಕೊಂಡೆ. ಮೇಡಂ ಪುಸ್ತಕದಿಂದ ಕಣ್ಣು ತೆಗೆಯದೆ, ರಸ್ತೆಯಲ್ಲಿ ಲಾರಿ ನಿಲ್ಲಿಸುವಂತೆ ಒಂದು ಕೈ ಎತ್ತಿ ನನ್ನನ್ನು ತಡೆದರು.

"ಒಂದೇ ನಿಮಿಷ ಡಾಕ್ಟರ್, ಈ ಅಧ್ಯಾಯ ಮುಗಿಸಿಬಿಡ್ತೀನಿ" ಅಂದರು. "ಆಮೇಲೆ ಬೇಕಾದ್ರೆ ಕೀಳಿ."