ಹಾಡು ಹಿಂಡುವ ಪೇಚು

ಲೂಪೆ: ರೀ, ಬೇಗ ಮುಗಿಯೋದನ್ನ ಹಾಕಿ ಅಂದ್ರೆ ಕಿವಿಗೇ ಬೀಳಲ್ವಾ ನಿಮಗೆ?

ಸೈಮೊನೆ: ಬೇಗ ಮುಗಿದು ಏನು ಬಂತು? ಗಾತ್ರ ಇಳೀಬೇಡ್ವಾ? ನಮ್ಮ ದ್ವೀಪದ ಇಂಟರ್ನೆಟ್ಟು ತೆವಳುತ್ತೆ. ಬಿಗಿಯಾಗಿ ಹಿಂಡೋದೇ ಸರಿ.

ವವಾವು ದ್ವೀಪದ ಚರ್ಚಿನ ಹಾಡುಗಾರರಿಗೆ ಸೈಮೊನೆ ಮೇಷ್ಟ್ರು. ಹೆಂಡತಿ ಲೂಪೆ ಮುಂದಿನ ಸಾಲಿನವಳು. ರಾಜಧಾನಿಯ ಸ್ಪರ್ಧೆಗೆ ತಂಡದ ವಿಡಿಯೊ ಸಂಜೆಯೊಳಗೆ ತಲುಪಬೇಕು. ನಾಳೆ ಭಾನುವಾರ, ಟೊಂಗಾದಲ್ಲಿ ಅಂದು ಪ್ರಾರ್ಥನೆ, ಊಟ, ನಿದ್ದೆ, ಅಷ್ಟೇ. ಫೈಲು ಕುಗ್ಗಿಸುವ ತಂತ್ರಾಂಶ ಎರಡಿದ್ದವು: ಒಂದು ಚುರುಕು, ಇನ್ನೊಂದು ನಿಧಾನ, ಆದರೆ ಬಿಗಿ.

ಲೂಪೆ: ಅಷ್ಟು ಹಿಂಡಿ, ತಂಡದಲ್ಲಿ ಹಾಡಿರೋ ನಮ್ಮಕ್ಕನ ದನಿ ಕೀರಲಾದ್ರೆ?

ಸೈಮೊನೆ: ಏನೂ ಆಗಲ್ಲ ಮಾರಾಯ್ತಿ. ಅಲ್ಲಿ ಬಿಚ್ಚಿದ್ರೆ ಇದ್ದ ಹಾಗೇ ಇರುತ್ತೆ.

ಲೂಪೆ: ಅಂದ್ರೆ ಈಗಲೇ ಕೀರಲು ಅಂತೀರಾ?

ಸೈಮೊನೆ: ನಾನೆಲ್ಲಿ ಹಾಗಂದೆ?

ಲೂಪೆ: ಅಕ್ಕನಿಗೆ ಹೇಳ್ತೀನಿ, ತಾಳಿ.

ಸೈಮೊನೆ ಗಡಬಡಿಸಿ ಬಿಗಿಯದ್ದನ್ನೇ ಒತ್ತಿದ. ಲೂಪೆ ನಾಳಿನ ಅಡುಗೆಗೆಂದು ಹಿತ್ತಲಿಗೆ ಹೋದಳು.

ಲೂಪೆ: ಒಂದು ಬುಟ್ಟಿ ಕೆಸುವಿನ ಗಡ್ಡೆ ಹೆರೆದು ಬಂದೆ. ಇನ್ನೂ ಅಲ್ಲೇ ಇದೆಯಲ್ರೀ.

ಸೈಮೊನೆ: ಬಿಗಿ ಆಗ್ತಿದೆ.

ಲೂಪೆ: ನಿಮ್ಮ ಮುಖಾನೂ.

ಕೊನೆಗೂ ಮುಗಿಯಿತು. ಗಾತ್ರ ನೋಡಿದರೆ ಕೂದಲೆಳೆಯಷ್ಟು ಇಳಿದಿತ್ತು. ಲೂಪೆ ಗಂಡನನ್ನು ಪಕ್ಕಕ್ಕೆ ತಳ್ಳಿ ತನ್ನದನ್ನು ಒತ್ತಿದಳು.

ಲೂಪೆ: ನೋಡಿ, ಕಣ್ಣುಮುಚ್ಚಿ ತೆಗೆಯೋದ್ರಲ್ಲಿ ಮುಗೀತು.

ಸೈಮೊನೆ: ಮುಗೀತು. ಇಳೀತಾ?

ಲೂಪೆ: ಇಳೀಲಿಲ್ಲ.

ಸೈಮೊನೆ: ಅಯ್ಯೋ, ಈಗ ಹೊಳೀತು ಕಣೆ. ವಿಡಿಯೊ ತೆಗೆಯೋವಾಗ್ಲೇ ಫೋನು ಹಿಂಡಿ ಇಟ್ಟಿರುತ್ತೆ. ಹಾಲು ತೆಗೆದ ತೆಂಗಿನ ತುರೀನ ನಾವಿಬ್ರೂ ಮತ್ತೆ ಹಿಂಡ್ತಾ ಕೂತಿದ್ವಿ.

ಇಬ್ಬರಿಗೂ ನಗು ಉಕ್ಕಿತು. ಲೂಪೆ ಚಾಪೆಯ ಮೇಲೆ ಉರುಳಾಡಿ ನಕ್ಕು, ಕಣ್ಣೊರೆಸಿಕೊಂಡು, ವಿಡಿಯೊವನ್ನು ಮೊದಲಿಂದ ಓಡಿಸಿದಳು. ಓಡಿತು, ಓಡಿತು; ಹಾಡಿನ ಸುಳಿವಿಲ್ಲ.

ಲೂಪೆ: ಹಾಡು ಯಾವಾಗ ರೀ?

ಸೈಮೊನೆ: ಸ್ವಾಗತ ಭಾಷಣ ಆದ್ಮೇಲೆ.

ಲೂಪೆ: ಯಾರದ್ದದು?

ಸೈಮೊನೆ: ಯಾರದ್ದೋ... ನಂದೇ.

ಲೂಪೆ ಭಾಷಣಕ್ಕೆ ಕತ್ತರಿ ಹಾಕಿದಳು. ವಿಡಿಯೊ ಅರ್ಧಕ್ಕಿಂತ ಕಮ್ಮಿಯಾಗಿ, ಸಂಜೆಯ ಗಂಟೆಗೆ ಮುಂಚೆಯೇ ರಾಜಧಾನಿ ಸೇರಿತು.

ಸೈಮೊನೆ: ಒಂದು ಮಾತಾದ್ರೂ ಉಳಿಸಬಾರದಿತ್ತಾ?

ಲೂಪೆ: ಉಳಿಸಿದೀನಲ್ಲ. 'ಇಷ್ಟು ಹೇಳಿ ನನ್ನ ಮಾತು ಮುಗಿಸ್ತೀನಿ' ಅಂದ್ರಲ್ಲ, ಅದು. ಜನ ಚಪ್ಪಾಳೆ ತಟ್ಟಿದ್ದು ಅದಕ್ಕೇ.